ಕೇಳದೆ ಬಂದ ಆರನೇ ಪಾಲು

ರೊಟ್ಟಿ ತಟ್ಟುತ್ತಿದ್ದೆ. ಒಂದು ಹಂಚಿನ ಮೇಲೆ ಬೇಯುತ್ತಿತ್ತು, ಇನ್ನೊಂದು ಕೈಕೆಳಗೆ ಅರ್ಧ ಅಗಲವಾಗಿತ್ತು. ಆಗ ಫೋನು ಬಂತು. ಹಿಟ್ಟಿನ ಕೈಗೆ ಈಗಿನ ಫೋನುಗಳು ಮಣಿಯುವುದಿಲ್ಲ, ನಿಮಗೂ ಗೊತ್ತಿರುವುದೇ. ಬಗ್ಗಿ ಮೂಗಿನ ತುದಿಯಿಂದ ತೀಡಿದೆ. ಹೆಣ್ಣು ನೋಡಲು ಬಂದವರು ನನ್ನ ಮೂಗು ಉದ್ದವಾಯಿತು ಎಂದು ಆಡಿಕೊಂಡಿದ್ದರಂತೆ. ಮೂವತ್ತು ವರ್ಷದ ಮೇಲೆ ಅದಕ್ಕೂ ಒಂದು ಉಪಯೋಗ ಕಾಣಿಸಿದ ದೇವರು ದೊಡ್ಡವನು.

ಅಳಿಯ ಬಸವರಾಜನ ದನಿ. "ಅತ್ತಿ, ನಾನ್ರಿ. ರಾಯಚೂರು ದವಾಖಾನ್ಯಾಗ ಅದೀವಿ. ಹೆರಿಗಿ ಆತ್ರಿ. ಹೆಣ್ಣು."

ಮಗಳು ನಾಗರತ್ನಳಿಗೆ ಇನ್ನೂ ಎಂಟನೇ ತಿಂಗಳು. ಬರುವ ಗುರುವಾರ ಮಾನ್ವಿಯ ಅವಳ ಗಂಡನ ಮನೆಗೆ ಹೋಗಿ, ಅವಳ ಉಡಿ ತುಂಬಿಸಿ, ಇಲ್ಲಿಗೆ ದೇವದುರ್ಗಕ್ಕೆ ಕರೆತರಬೇಕೆಂದು ಬಳೆಗಾರನಿಗೂ ಹೇಳಿ ಇಟ್ಟಿದ್ದೆ.

"ನಾಗು ಹ್ಯಾಂಗದಾಳ?"

"ಅರಾಮ ಅದಾಳ್ರಿ. ಕೂಸು ಭಾಳ ಸಣ್ಣದದ. ಸವಾ ಕಿಲೋ ಅಂತ. ಗಾಜಿನ ಪೆಟಗ್ಯಾಗ ಇಟ್ಟಾರ. ಮೂರು ದಿನ ಏನೂ ಹೇಳಾಕ ಬರಂಗಿಲ್ಲ ಅಂದ್ರು ಡಾಕ್ಟರು."

ಅವನ ಮಾತಿನ ಹಿಂದೆ ಯಾವುದೋ ಯಂತ್ರ ಒಂದೇ ಸಮನೆ ಟಿಕ್ ಟಿಕ್ ಎನ್ನುತ್ತಿತ್ತು. ಅವನು ಮಾತು ನಿಲ್ಲಿಸಿದ ಮೇಲೂ ಅದು ನಿಲ್ಲಲಿಲ್ಲ. ಹಂಚಿನ ಮೇಲಿನ ರೊಟ್ಟಿ ಸುಟ್ಟ ವಾಸನೆ ಬಂದಾಗಲೇ ನನಗೆ ಎಚ್ಚರ. ತಾಯಿ ಉಳಿದಳು ಎಂದು ಕಣ್ಣು ಮುಚ್ಚಿ ಒಂದು ಬೆರಳು ಮಡಚಿದೆ. ದೇವರು ತೋರಿದ ಕರುಣೆಯನ್ನು ದಿನಕ್ಕೆ ಐದಾದರೂ ಬೆರಳು ಮಡಚಿ ಎಣಿಸಬೇಕು ಎನ್ನುವುದು ನನ್ನ ರೂಢಿ. ಅಂದು ಒಂದಕ್ಕೇ ನಿಂತಿತು.

ನಮ್ಮನೆಯವರು ಕವಿತಾಳದಲ್ಲಿ ವೈರಿಂಗ್ ಕೆಲಸಕ್ಕೆ ಹೋಗಿದ್ದರು. ಅವರಿಗೆ ಫೋನು ಹಚ್ಚಿ, "ನೀವು ಅಲ್ಲಿಂದ ಸೀದಾ ರಾಯಚೂರಿಗಿ ಹೋಗ್ರಿ. ನಾನು ಮೂರರ ಬಸ್ಸಿಗಿ ಬರ್ತೀನಿ" ಎಂದೆ.

"ಮೂರು ಗಂಟಿ ತನಕ ಏನು ಮಾಡ್ತಿ?"

"ಬೇಡಾಕ ಹೋಗ್ತೀನಿ."

ನನ್ನ ಹೆಸರು ಭಿಕ್ಷಮ್ಮ ಎಂದು ಗೊತ್ತಿದ್ದೂ ಮದುವೆಯಾದವರಿಗೆ ಅದಕ್ಕಿಂತ ಹೆಚ್ಚು ಹೇಳಬೇಕಾಗಿರಲಿಲ್ಲ.

ಈ ಹೆಸರಿನ ಕಥೆ ಇಷ್ಟೇ. ಜಾಲಹಳ್ಳಿಯಲ್ಲಿ ನಾನು ಹುಟ್ಟಿದಾಗ ಅಂಗೈಯಷ್ಟಿದ್ದೆನಂತೆ. ನಮ್ಮವ್ವನ ಕಡೆಯವರಲ್ಲಿ ಹಾಗೆ ಸೊರಗಿದ ಕೂಸು ಹುಟ್ಟಿದರೆ, ತಾಯಿಯ ತಾಯಿ ಅದರ ಮುಖ ನೋಡುವ ಮೊದಲು ಮೂರು ಮನೆ ಬೇಡಿ, ಕೂಸಿನ ತೂಕದಷ್ಟು ಜೋಳ ಸೀರೆಯ ಉಡಿಯಲ್ಲಿ ತರಬೇಕು. ಭಿಕ್ಷೆಯ ಕೂಸು ಎಂದರೆ ಸಾವೂ ಮುಖ ತಿರುಗಿಸಿಕೊಂಡು ಹೋಗುತ್ತದೆ ಎಂದು ನಂಬಿಕೆ. ನಮ್ಮಜ್ಜಿ ಬೇಡಿದಳು, ನಾನು ಉಳಿದೆ, ಹೆಸರೂ ಉಳಿಯಿತು.

ಇದಕ್ಕೆ ಕಟ್ಟುಪಾಡುಗಳಿವೆ. ಬರಿಗಾಲಲ್ಲಿ ಹೋಗಬೇಕು. ನೆರಳು ಕಾಲಡಿಗೆ ಬಂದ ಹೊತ್ತಿಗೆ ಹೋಗಬೇಕು, ಬೇಡುವವಳ ಹಿಂದೆ ನೆರಳೂ ಇರಬಾರದು. ಕೊಡುವವರು ಕೈಗೆ ಸಿಕ್ಕ ಪಾತ್ರೆಯಲ್ಲಿ ಕೊಟ್ಟರೂ ಬಾಯಿ ಸವರಿ ಸಮ ಮಾಡಿ ಕೊಡಬೇಕು. ಕೂಸನ್ನು ತೂಗಿದ ದಿನ ಜೋಳವನ್ನು ತಕ್ಕಡಿಗೆ ಇಡಕೂಡದು, ಬಾಯಿಲೆಕ್ಕದಲ್ಲೇ ಕೂಡಿಸಬೇಕು. ಕಡಿಮೆ ಬಿದ್ದರೆ ಮನೆಯ ಜೋಳ ಬೆರೆಸಿ ತೂಕಕ್ಕೆ ಸರಿ ಮಾಡಬಹುದು. ಕೂಸು ಮನೆಗೆ ಬಂದ ದಿನ ಅದರ ನುಚ್ಚು ಮಾಡಿ ಕೊಟ್ಟವರಿಗೇ ಉಣಿಸಬೇಕು. ಕೊನೆಯದೊಂದನ್ನು ಅವ್ವ ಯಾವಾಗಲೂ ದನಿ ತಗ್ಗಿಸಿ ಹೇಳುತ್ತಿದ್ದಳು: "ಕೇಳದೆ ಬಂದದ್ದು ಉಡಿಯಾಗ ಇದ್ರ ತೆಗೆದು ಹೊಸ್ತಿಲ ಆಚಿ ಚೆಲ್ಲಬೇಕು ನೋಡು. ಕೇಳದೆ ಕೊಡೋರು ಕೇಳದೆ ಒಯ್ತಾರ."

ಬಾಯಿಲೆಕ್ಕ ಎಂದ ಕೂಡಲೇ ನನಗೆ ಬೆವರು. ಭಿನ್ನರಾಶಿಯಲ್ಲಿ ನಾನು ಎಂಥ ಜಾಣೆ ಎಂಬುದಕ್ಕೆ ಜಾಲಹಳ್ಳಿ ಶಾಲೆಯ ಕರಿಹಲಗೆ ಸಾಕ್ಷಿ. ಅರ್ಧಕ್ಕೆ ಮೂರನೇ ಒಂದು ಕೂಡಿಸು ಎಂದರೆ ಮೇಲಿನದನ್ನು ಮೇಲಕ್ಕೆ, ಕೆಳಗಿನದನ್ನು ಕೆಳಕ್ಕೆ ಕೂಡಿಸಿ ಐದನೇ ಎರಡು ಎಂದು ಬರೆದು, ಬಹುಮಾನ ಬರುತ್ತದೆ ಎಂಬಂತೆ ನಿಂತಿದ್ದೆ. ಮಾಸ್ತರು ಸೀಮೆಸುಣ್ಣ ಕೆಳಗಿಟ್ಟರು.

"ಅರ್ಧ ರೊಟ್ಟಿ ತಿಂದಿ. ಮ್ಯಾಲ ಮತ್ತ ಮೂರನೇ ಪಾಲು ತಿಂದಿ. ಕೂಡಿದ್ರ ಅರ್ಧಕ್ಕಿಂತ ಕಮ್ಮಿ ಆತು! ನೀ ತಿಂದಷ್ಟೂ ರೊಟ್ಟಿ ಉಳೀತದ ಅಂದ್ರ ಊರಿಗೆಲ್ಲಾ ನೀನs ಉಣ್ಣಾಕ ಹಾಕವ್ವಾ, ಭಿಕ್ಷಮ್ಮ!"

ಇಡೀ ವರ್ಗ ನಕ್ಕಿತು. ಅಳುತ್ತಾ ಮನೆಗೆ ಬಂದೆ. ಅವ್ವ ಶಾಲೆಯ ಮೆಟ್ಟಿಲು ಹತ್ತಿದವಳಲ್ಲ. ನನ್ನ ಕೈ ಹಿಡಿದು ಹೆಬ್ಬೆರಳನ್ನು ಬಿಟ್ಟು ಉಳಿದ ನಾಲ್ಕು ಬೆರಳ ಗೆಣ್ಣು ಎಣಿಸಿದಳು. ಬೆರಳಿಗೆ ಮೂರು, ಒಟ್ಟು ಹನ್ನೆರಡು.

"ಇದs ಒಂದು ಪೂರಾ ರೊಟ್ಟಿ ತಿಳಕೋ. ಅರ್ಧ ಅಂದ್ರ ಆರು ಗೆಣ್ಣು. ಮೂರನೇ ಪಾಲು ಅಂದ್ರ ನಾಕು. ಕಾಲು ಅಂದ್ರ ಮೂರು. ಮೊದಲು ಎಲ್ಲಾ ಗೆಣ್ಣು ಮಾಡ್ಕೊಳ್ಳಾದು, ಆಮ್ಯಾಲ ಕೂಡಿಸಾದು. ಗೆಣ್ಣಿಗಿ ಗೆಣ್ಣು ಕೂಡ್ತದ. ಬೆರಳಿಗಿ ಮುಷ್ಟಿ ಕೂಡಂಗಿಲ್ಲ."

ಮಾಸ್ತರು ಇದನ್ನೇ ಲಘುತಮ ಸಾಮಾನ್ಯ ಅಪವರ್ತ್ಯ ಎಂದು ಮೂರು ದಿನ ಹೇಳಿದ್ದರು. ಅಂದಿನಿಂದ ಇಂದಿನವರೆಗೆ ಹಾಲು, ಎಣ್ಣೆ, ರವಿಕೆ ಬಟ್ಟೆ, ಬಾಡಿಗೆ ಆಟೋದ ಸೀಟು, ಎಲ್ಲವನ್ನೂ ನಾನು ಗೆಣ್ಣು ಮಾಡಿಕೊಂಡೇ ಬದುಕಿದ್ದೇನೆ. ಜಪವೂ ಅದೇ ಗೆಣ್ಣುಗಳ ಮೇಲೆ. ನಡುವೆ ಒಮ್ಮೊಮ್ಮೆ ದೇವರ ಹೆಸರಿನ ಜಾಗದಲ್ಲಿ ಎಣ್ಣೆಯ ಲೆಕ್ಕ ನುಸುಳುವುದುಂಟು. ಆತ ಮನ್ನಿಸಿದ್ದಾನೆ ಎಂದುಕೊಂಡಿದ್ದೇನೆ.

ಹನ್ನೆರಡು ದಾಟಿತು. ನೆರಳು ಕಾಲಡಿಗೆ ಬಂತು. ಹೊರಗೆ ಬಂದೆ.

ನಮ್ಮ ಓಣಿ ಆ ಹೊತ್ತಿನಲ್ಲಿ ಹೇಗಿರುತ್ತದೆ ಎಂದು ನಾನು ಯಾವತ್ತೂ ನೋಡಿರಲಿಲ್ಲ. ಬೇಸಿಗೆಯ ನಡುಹಗಲಿನಲ್ಲಿ ಯಾರು ಹೊರಗೆ ಬರುತ್ತಾರೆ? ನಾಯಿಗಳು ಚರಂಡಿಯ ಕಲ್ಲಿನ ಕೆಳಗೆ ಸೇರಿದ್ದವು. ಕೋಳಿಗಳ ಸದ್ದಿಲ್ಲ. ಬಾಗಿಲುಗಳಿಗೆ ಇಳಿಬಿಟ್ಟ ಹಳೆಯ ಸೀರೆಗಳು ಗಾಳಿಯಿಲ್ಲದೆ ಅಲುಗಾಡದೆ ನಿಂತಿದ್ದವು. ನೆಲ ಕಾವಲಿಯಂತೆ ಕಾದಿತ್ತು. ನನ್ನದೇ ಓಣಿಯಲ್ಲಿ ನನಗೆ ದಾರಿ ತಪ್ಪಿದಂತಾಯಿತು.

ಮೊದಲು ಪಕ್ಕದ ಮನೆಯ ಶರಣಮ್ಮ. ಉಡಿಯೊಡ್ಡಿ ನಿಂತ ನನ್ನನ್ನು ನೋಡಿ, "ಇದೇನಬೇ ಅವತಾರ?" ಎಂದು ನಗಲು ಹೋದವಳು ನನ್ನ ಮುಖ ನೋಡಿ ನಿಲ್ಲಿಸಿದಳು. ವಿಷಯ ಹೇಳಿದೆ. ಒಳಗೆ ಹೋಗಿ ಅರ್ಧ ಕಿಲೋ ಹಿಡಿಯುವ ಡಬ್ಬಿಯಲ್ಲಿ ಜೋಳ ತಂದಳು. ಅಂಗೈಯಿಂದ ಬಾಯಿ ಸವರಿದಳು, ಉಡಿಗೆ ಸುರಿದಳು. ಓಣಿಯಲ್ಲಿ ಕಡ ತಂದು ಕೊಟ್ಟು ಎಲ್ಲರ ಮನೆಯ ಪಾತ್ರೆಯೂ ಎಲ್ಲರಿಗೂ ಗೊತ್ತು. ಯಾರ ಲೋಟ ಎಷ್ಟು ಹಿಡಿಯುತ್ತದೆ ಎಂಬುದು ಅವರ ಗಂಡಂದಿರಿಗಿಂತ ನನಗೆ ಚೆನ್ನಾಗಿ ಗೊತ್ತು. ಕಿಲೋಗೆ ಹನ್ನೆರಡು ಎಂದರೆ ಅರ್ಧಕ್ಕೆ ಆರು ಗೆಣ್ಣು.

ಮುಂದೆ ನಡೆದೆ. ಉಡಿಯಲ್ಲಿ ಜೋಳ ಹೆಜ್ಜೆಗೊಮ್ಮೆ ಸರಕ್ ಎನ್ನುತ್ತಿತ್ತು, ಯಾರೋ ಮಲಗಿದಲ್ಲೇ ಮಗ್ಗುಲು ಬದಲಿಸಿದಂತೆ. ಕಾಲು ಸುಟ್ಟು ಒಂದೆಡೆ ನಿಂತೆ. ನಾನು ನಿಂತ ಮೇಲೆ ಹಿಂದೆ ಇನ್ನೊಂದು ಅರ್ಧ ಹೆಜ್ಜೆ ಕೇಳಿಸಿತು. ತಿರುಗಿ ನೋಡಿದೆ. ಬಿಸಿಲು ಮಾತ್ರ. ನನ್ನ ಸೀರೆಯ ನಿರಿಗೆಯ ಸದ್ದಿರಬೇಕು ಎಂದುಕೊಂಡೆ. ನಡೆದೆ. ಬೇಕೆಂದೇ ಮತ್ತೊಮ್ಮೆ ನಿಂತೆ. ಮತ್ತೆ ಅರ್ಧ ಹೆಜ್ಜೆ. ಆಮೇಲೆ ನಿಲ್ಲುವ ಧೈರ್ಯ ಮಾಡಲಿಲ್ಲ.

ಹುಸೇನಬಿ ಚಾಚಿಯದು ಮೂಲೆಯ ಮನೆ. ಮಗ ಸಂತೆಯಲ್ಲಿ ಬೆಳ್ಳುಳ್ಳಿ ಮಾರುತ್ತಾನೆ. ಚಾಚಿಗೆ ಎರಡೂ ಕಣ್ಣಿಗೆ ಪೊರೆ ಬಂದು ಮನುಷ್ಯರು ಬಣ್ಣದ ಮುದ್ದೆಗಳಂತೆ ಕಾಣುತ್ತಾರಂತೆ. ಪರದೆ ಸರಿಸಿ ಕೈ ಅಡ್ಡ ಹಿಡಿದು ನೋಡಿದಳು.

"ಅರೆ, ಭಿಕ್ಷಮ್ಮ! ಬಿಸಲಾಗ ಯಾಕ ನಿಂತೀರಿ? ಇಬ್ಬರೂ ಒಳಗ ಬರ್ರಿ."

"ಒಬ್ಬಾಕಿನೇ ಅದೀನಿ ಚಾಚಿ."

"ಹೌದಾ? ನನ್ನ ಕಣ್ಣಿಗಿ ಬೆಂಕಿ ಬೀಳಲಿ" ಎಂದು ತನ್ನನ್ನೇ ಬೈದುಕೊಂಡಳು. ಕೂಸಿನ ವಿಷಯ ಕೇಳಿ, "ಅಲ್ಲಾ ಮಾಲಿಕ್" ಎಂದು, ತನ್ನ ತಾಮ್ರದ ಲೋಟದಲ್ಲಿ ಜೋಳ ತುಂಬಿ ಬೆರಳಿನಿಂದ ಬಾಯಿ ತಡವಿ ಸಮ ಮಾಡಿ ಕೊಟ್ಟಳು. ಆ ಲೋಟ ಮೂರಾದರೆ ಒಂದು ಕಿಲೋ. ನಾಲ್ಕು ಗೆಣ್ಣು. ನಾನು ಮೆಟ್ಟಿಲು ಇಳಿಯುವಾಗ ಅವಳು ನನ್ನ ಬೆನ್ನ ಹಿಂದಿನ ಯಾವುದೋ ಜಾಗವನ್ನೇ ನೋಡುತ್ತಿದ್ದಳು.

ಮೂರನೆಯದು ಸರೋಜಮ್ಮನ ಮನೆ, ಕಾಲು ಕಿಲೋ ಹಿಡಿಯುವ ಸ್ಟೀಲಿನ ಬಟ್ಟಲು. ಆಕೆಯೂ ಬಾಯಿ ಸವರಿಯೇ ಕೊಟ್ಟಳು. ಮೂರು ಗೆಣ್ಣು.

ಬರುವ ದಾರಿಯಲ್ಲಿ ಹೆದರಿಕೆಗೆ ಬುದ್ಧಿ ಕೆಟ್ಟು ಮತ್ತೆ ಶಾಲೆಯ ಹುಡುಗಿಯಾದೆ. ಅರ್ಧ, ಮೂರನೇ ಒಂದು, ಕಾಲು: ಮೇಲೆ ಮೂರು, ಕೆಳಗೆ ಒಂಬತ್ತು. ಅಂದರೆ ಒಂಬತ್ತನೇ ಮೂರು! ಮೂರು ಮನೆ ತಿರುಗಿಯೂ ಚಾಚಿಯ ಒಂದು ಲೋಟದಷ್ಟೇ ಆಯಿತೇ ಎಂದು ಉಡಿಯನ್ನು ಮುಟ್ಟಿ ನೋಡಿಕೊಂಡೆ. ಆಮೇಲೆ ಅವ್ವನ ಕೈ ನೆನಪಾಯಿತು. ಆರು, ನಾಲ್ಕು, ಮೂರು. ಹದಿಮೂರು ಗೆಣ್ಣು. ಒಂದು ಪೂರಾ ಕೈ, ಮೇಲೆ ಒಂದು ಗೆಣ್ಣು. ಕೂಸಿನ ತೂಕ ಸವಾ ಕಿಲೋ, ಅಂದರೆ ಒಂದೂಕಾಲು, ಹದಿನೈದು ಗೆಣ್ಣು. ಎರಡು ಕಡಿಮೆ. ಹನ್ನೆರಡರಲ್ಲಿ ಎರಡು, ಆರನೇ ಒಂದು ಪಾಲು. ನಮ್ಮ ಮನೆಯ ಹಿತ್ತಾಳೆ ಬಟ್ಟಲು ಆರಾದರೆ ಒಂದು ಕಿಲೋ. ಒಂದು ಬಟ್ಟಲು ಮನೆಯ ಜೋಳ ಬೆರೆಸಿದರೆ ಮುಗಿಯಿತು. ಲೆಕ್ಕ ಹತ್ತಿದ ಖುಷಿಗೆ ಬಾಗಿಲಲ್ಲಿ ಕಾಲು ತೊಳೆಯುವುದನ್ನೂ ಮರೆತೆ.

ದೇವರ ಮುಂದೆ ಕೂತು ಉಡಿಯ ಜೋಳವನ್ನು ಮೊರಕ್ಕೆ ಸುರಿದೆ. ಬಟ್ಟಲಿನಿಂದ ಅಳೆದು ಪಾತ್ರೆಗೆ ಹಾಕತೊಡಗಿದೆ. ಆರೂವರೆ ಬಟ್ಟಲು ಆಗಬೇಕು. ಆರಾಯಿತು. ಮೊರದಲ್ಲಿ ಇನ್ನೂ ಉಳಿದಿತ್ತು. ಏಳಾಯಿತು. ಇನ್ನೂ ಅರ್ಧ ಬಟ್ಟಲು ಉಳಿದಿತ್ತು.

ಏಳೂವರೆ.

ಮತ್ತೆ ಮೊರಕ್ಕೆ ಸುರಿದು, ಬಾಯಿ ಸವರಿ ಸವರಿ ಅಳೆದೆ. ಏಳೂವರೆ. ಮೂರನೇ ಸಲ ಗಟ್ಟಿಯಾಗಿ ಎಣಿಸುತ್ತಾ ಅಳೆದೆ. ಬರಿಯ ಮನೆಯಲ್ಲಿ ನನ್ನ ದನಿಯೇ ನನಗೆ ಬೇರೆಯವರದೆನಿಸಿತು. ಏಳೂವರೆ ಎಂದರೆ ಹದಿನೈದು ಗೆಣ್ಣು, ಸವಾ ಕಿಲೋ. ನಾನು ಬೆರೆಸಬೇಕಿದ್ದ ಬಟ್ಟಲನ್ನು ಯಾರೋ ಮೊದಲೇ ಬೆರೆಸಿದ್ದರು.

ಗೋಡೆಯ ಹತ್ತಿರ ಹೋಗಿ ಕೂಗಿದೆ. "ಶರಣೀ, ಡಬ್ಬಿ ಬಾಯಿ ಸವರಿ ಕೊಟ್ಟಿಲ್ಲೋ?"

"ನಿನ್ನ ಕಣ್ಣ ಮುಂದs ಸವರೀನಲ್ಲಬೇ! ಕೂಸಿನ ತೂಕಕ್ಕ ಹೆಚ್ಚು ಹಾಕಬಾರದಂತ ನನಗೂ ತಿಳೀತದ. ಯಾಕ, ಕಮ್ಮಿ ಬಿತ್ತೇನು?"

"ಇಲ್ಲ, ಸರಿ ಅದ" ಎಂದೆ. ಸರಿಯಾಗಿರುವುದೇ ಸರಿಯಿಲ್ಲ ಎಂದು ಹೇಗೆ ಹೇಳಲಿ? ಉಳಿದಿಬ್ಬರು ಸವರಿದ್ದನ್ನೂ ನಾನೇ ನೋಡಿದ್ದೆ.

ಜೋಳವನ್ನು ಮತ್ತೆ ಮೊರಕ್ಕೆ ಸುರಿದು ಅದರ ಮುಂದೆ ಕೂತೆ. ಒಂದು ಬಟ್ಟಲು ಕೇಳದೆ ಬಂದದ್ದು ಇದರಲ್ಲಿದೆ. ತೆಗೆದು ಹೊಸ್ತಿಲ ಆಚೆ ಚೆಲ್ಲದಿದ್ದರೆ ಕೊಟ್ಟವರು ಕೂಸನ್ನು ಒಯ್ಯುತ್ತಾರೆ. ಬಟ್ಟಲು ಎತ್ತಿಕೊಂಡೆ. ಆದರೆ ಯಾವುದನ್ನು ತೆಗೆಯಲಿ? ಒಮ್ಮೆ ಗೆಣ್ಣು ಮಾಡಿ ಕೂಡಿಸಿದ ಮೇಲೆ ಇದು ಅರ್ಧದಿಂದ ಬಂದ ಗೆಣ್ಣು, ಇದು ಕಾಲಿನಿಂದ ಬಂದ ಗೆಣ್ಣು ಎಂದು ಮುಖ ಇರುತ್ತದೆಯೇ? ಎಲ್ಲ ಒಂದೇ ಬಿಳಿ ಜೋಳ. ಕಳೆಯುವ ಲೆಕ್ಕದಲ್ಲಿ ಎಷ್ಟು ಎಂಬುದು ಗೊತ್ತಾಗುತ್ತದೆ, ಯಾರದು ಎಂಬುದು ಗೊತ್ತಾಗುವುದಿಲ್ಲ. ಇದನ್ನು ಮಾಸ್ತರೂ ಹೇಳಿಕೊಟ್ಟಿರಲಿಲ್ಲ, ಅವ್ವನೂ ಹೇಳಿಕೊಟ್ಟಿರಲಿಲ್ಲ.

ಯಾರದು ಎಂದು ಮನಸ್ಸಿಗೆ ಕೇಳಿಕೊಂಡದ್ದೇ ತಪ್ಪಾಯಿತು. ಉತ್ತರ ಆಗಲೇ ಅಲ್ಲಿ ಕೂತಿತ್ತು.

ಇದನ್ನು ನಾನು ಯಾರಿಗೂ ಬರೆದು ತಿಳಿಸಿದವಳಲ್ಲ. ನಾಗರತ್ನಳಿಗೆ ಮೊದಲು ನನಗೊಂದು ಹೆಣ್ಣು ಹುಟ್ಟಿತ್ತು. ಅದೂ ದಿನ ತುಂಬುವ ಮೊದಲೇ ಬಂದದ್ದು. ಅವ್ವ ಜಾಲಹಳ್ಳಿಯಿಂದ ಉಡಿ ಕಟ್ಟಿಕೊಂಡೇ ಬಂದಳು. ನಮ್ಮತ್ತೆ ಬಾಗಿಲಲ್ಲೇ ತಡೆದರು. "ನಮ್ಮ ಓಣ್ಯಾಗ ನಮ್ಮ ಹೆಸರು ಹೇಳಿ ಭಿಕ್ಷಾ ಬೇಡಬ್ಯಾಡ್ರಿ ಬೀಗತಿ. ಬದುಕೋದು ಬದುಕ್ತದ." ಅವ್ವ ಖಾಲಿ ಉಡಿಯಲ್ಲಿ ಒಳಗೆ ಬಂದು ನನ್ನ ಪಕ್ಕ ಕೂತಳು. ಆರನೇ ದಿನ ಕೂಸು ಹೋಯಿತು. ತೊಟ್ಟಿಲಿಗೆ ಹಾಕಿರಲಿಲ್ಲ, ಹೆಸರಿಟ್ಟಿರಲಿಲ್ಲ, ಯಾರೂ ತೂಗಿಯೂ ಇರಲಿಲ್ಲ. "ಹೆಸರಿಲ್ಲದ್ದು ಲೆಕ್ಕಕ್ಕ ಬರಂಗಿಲ್ಲ, ಅಳಬ್ಯಾಡ" ಎಂದರು ಅತ್ತೆ. ಸಮಾಧಾನಕ್ಕೇ ಹೇಳಿದ್ದಿರಬೇಕು. ನಾನೂ ಹಾಗೇ ನಡೆದುಕೊಂಡೆ. ಎಷ್ಟು ಮಕ್ಕಳು ಎಂದರೆ ಒಬ್ಬಳೇ ಎನ್ನುತ್ತೇನೆ. ಎನ್ನುವಾಗ ಒಂದು ಕ್ಷಣ ತಡೆಯುತ್ತೇನೆ. ಅಷ್ಟೇ.

ಬೇಡಿಸಿಕೊಳ್ಳದ ಆ ಕೂಸು ಇಂದು ತನ್ನ ತಂಗಿಯ ಮಗಳಿಗಾಗಿ ನನ್ನ ಹಿಂದೆ ನಡೆದು ಬಂದಿತೆ? ಬಂದದ್ದು ಕೊಡಲಿಕ್ಕೋ, ಒಯ್ಯಲಿಕ್ಕೋ? ಹೆತ್ತವಳಿಗೆ ತನ್ನ ಕೂಸಿನ ಹೆದರಿಕೆ ಎಂದರೆ ನೀವು ನಗಬಹುದು. ಅಂದು ಆ ನಡುಹಗಲಿನಲ್ಲಿ, ಬೆವರು ಕಿವಿಯ ಹಿಂದೆ ತಣ್ಣಗೆ ಇಳಿಯುತ್ತಿರುವಾಗ, ನನಗೆ ಹೆದರಿಕೆಯಾಯಿತು. ಬಟ್ಟಲು ತುಂಬಿ ಹೊಸ್ತಿಲವರೆಗೆ ಹೋದೆ. ಕೈ ಮುಂದೆ ಚಾಚಿದೆ. ಹೊರಗಿನ ಬಿಸಿಲಿನಲ್ಲಿ ಏನೂ ಇರಲಿಲ್ಲ. ಆ ಏನೂ ಇಲ್ಲದ್ದು ನನ್ನ ಕೈಯನ್ನೇ ನೋಡುತ್ತಿತ್ತು. ಚೆಲ್ಲಲಾಗಲಿಲ್ಲ. ಬದುಕಿದ್ದಾಗ ಒಂದು ಹಿಡಿ ಬೇಡಲಿಲ್ಲ, ಸತ್ತ ಮೇಲೆ ತಂದದ್ದನ್ನೂ ಹೊರಗೆ ಚೆಲ್ಲಲೇ? ಚೆಲ್ಲದೆ ಗಾಜಿನ ಪೆಟ್ಟಿಗೆಯೊಳಗಿನದಕ್ಕೆ ಏನಾದರೂ ಆದರೆ ನಾಗುವಿಗೆ ಯಾವ ಮುಖ ತೋರಿಸಲಿ?

ಹಾಗೆ ನಿಂತಿದ್ದಾಗ ಮತ್ತೆ ಫೋನು. ಬಟ್ಟಲನ್ನು ಹೊಸ್ತಿಲ ಒಳಗೇ ಇಟ್ಟು ಹೋಗಿ ಎತ್ತಿದೆ.

"ಅತ್ತಿ, ಹೆದರಬ್ಯಾಡ್ರಿ" ಎಂದ ಬಸವರಾಜ. ಹೆದರಬೇಡಿ ಎಂದು ಶುರು ಮಾಡುವ ಮಾತಿಗಿಂತ ಹೆದರಿಕೆಯದು ಬೇರೆ ಇಲ್ಲ. "ತೂಕದ್ದು ಫರಕ್ ಆಗ್ಯದ. ಮುಂಜಾನಿ ಟವೆಲ್ ಸುತ್ತಿದ್ದಂಗs ತೂಗಿದ್ರಂತ. ಈಗ ಬರೇ ಕೂಸಿನ್ನ ತೂಗ್ಯಾರ. ಒಂದು ಕಿಲೋ, ಮ್ಯಾಲ ಎಂಬತ್ತು ಚಿಲ್ಲರ ಗ್ರಾಂ ಅದರಿ."

"ಇನ್ನೂ ಸಣ್ಣದಾತಲ್ಲಪಾ!"

"ಹೌದ್ರಿ. ಆದ್ರ ಸಿಸ್ಟರು ಹತ್ತಿ ಅದ್ದಿ ಒಂದು ಹನಿ ಹಾಲು ಬಿಟ್ರ ನುಂಗ್ಯದ. ಬೆರಳು ಚಾಚಿದ್ರ ಹಿಡ್ಕೊಂತದ್ರಿ, ಬಿಡವಲ್ಲದು."

ಫೋನು ಕೆಳಗಿಟ್ಟೆ. ಒಂದು ಕಿಲೋ ಎಂದರೆ ಹನ್ನೆರಡು ಗೆಣ್ಣು. ಸಾವಿರ ಗ್ರಾಮನ್ನು ಹನ್ನೆರಡಕ್ಕೆ ಹಂಚಿದರೆ ಗೆಣ್ಣಿಗೆ ಎಂಬತ್ತಮೂರು. ಒಂದು ಕಿಲೋ, ಮೇಲೆ ಎಂಬತ್ತು ಚಿಲ್ಲರೆ. ಹದಿಮೂರು ಗೆಣ್ಣು. ಮೂರು ಮನೆಯವರು ಕೊಟ್ಟದ್ದೇ ಕೂಸಿನ ಸರಿಯಾದ ತೂಕ. ನನ್ನ ಮನೆಯಿಂದ ಒಂದು ಕಾಳೂ ಬೇಕಾಗಿರಲಿಲ್ಲ. ಹದಿನೈದರಲ್ಲಿ ಹದಿಮೂರು ಕಳೆದರೆ ಉಳಿದ ಎರಡು ಗೆಣ್ಣು ಈ ಕೂಸಿನದಲ್ಲವೇ ಅಲ್ಲ. ಟವೆಲಿನದು ಎಂದು ನಮ್ಮನೆಯವರು ಇಂದಿಗೂ ಹೇಳುತ್ತಾರೆ. "ನೀ ಅಳೀವಾಗ ಕೈ ನಡುಗಿರಬೇಕು, ಹುಚ್ಚಿ" ಎನ್ನುತ್ತಾರೆ. ಇರಬಹುದು. ಮೂರು ಸಲವೂ ಒಂದೇ ಅಳತೆಗೆ ನಡುಗುವ ಕೈ ನನ್ನದು ಎಂದುಕೊಳ್ಳುತ್ತೇನೆ.

ನಿಮ್ಮನ್ನು ಕಾಯಿಸುವುದಿಲ್ಲ: ಕೂಸು ಉಳಿಯಿತು. ನಲವತ್ತು ದಿನ ಪೆಟ್ಟಿಗೆಯ ಮನೆಯಲ್ಲಿದ್ದು ಬಂತು. ಈಗ ನನ್ನ ಹಿಟ್ಟಿನ ಡಬ್ಬಿ ಉರುಳಿಸುವಷ್ಟು ದೊಡ್ಡವಳಾಗಿದ್ದಾಳೆ. ಆದರೆ ಅಂದು ಮಧ್ಯಾಹ್ನ ಎರಡು ಗಂಟೆಗೆ ನನಗೆ ಇದಾವುದೂ ಗೊತ್ತಿರಲಿಲ್ಲ. ಗೊತ್ತಿದ್ದದ್ದು ಇಷ್ಟೇ, ಬಟ್ಟಲಿನ ಜೋಳಕ್ಕೆ ಬೇರೆ ಒಡತಿ ಇದ್ದಾಳೆ.

ಅದನ್ನು ಬೆರೆಸಲಿಲ್ಲ, ಚೆಲ್ಲಲೂ ಇಲ್ಲ. ತಟ್ಟೆಗೆ ಸುರಿದು ದೇವರ ಗೂಡಿನಲ್ಲಿ ದೀಪದ ಪಕ್ಕ ಇಟ್ಟೆ. ಅದರ ಮುಂದೆ ಕೂತು ಅವಳಿಗೊಂದು ಹೆಸರಿಟ್ಟೆ. ಯಾವ ಹೆಸರು ಎಂದು ಇಲ್ಲಿ ಬರೆಯುವುದಿಲ್ಲ, ಅವಳ ತಂದೆಗೂ ಹೇಳಿಲ್ಲ. ಮೂರು ಸಲ ಕಿವಿಯಲ್ಲಿ ಹೇಳುವಂತೆ ಮೆಲ್ಲಗೆ ಹೇಳಿದೆ. "ಒಯ್ಯಬ್ಯಾಡ ಯವ್ವಾ, ನೋಡ್ಕೊಂತ ಕುಂದ್ರು" ಎಂದೆ. ದೀಪ ಅಲುಗಲಿಲ್ಲ. ಮೊರದಲ್ಲಿ ಉಳಿದದ್ದನ್ನು ಅಳೆದೆ. ಆರೂವರೆ.

ಬಸ್ಸಿಗೆ ಇನ್ನೂ ಮುಕ್ಕಾಲು ಗಂಟೆಯಿತ್ತು. ದವಾಖಾನೆಗೆ ಮೆತ್ತನೆಯ ಅರಿವೆ ಬೇಕಾಗುತ್ತದೆ. ಟ್ರಂಕಿನಿಂದ ನನ್ನ ಹಳೆಯ ನೂಲಿನ ಸೀರೆ ತೆಗೆದು, ಅಂಚನ್ನು ಹಲ್ಲಿನಿಂದ ಕಚ್ಚಿ, ಕೂಸಿಗೆ ಹಾಸಲು ಹೊದಿಸಲು ಆಗುವಂತೆ ತುಂಡು ತುಂಡಾಗಿ ಹರಿಯುತ್ತಾ ಕೂತೆ. ಎಷ್ಟಾಯಿತೆಂದು ಎಣಿಸಲಿಲ್ಲ. ಇಬ್ಬರಿಗೂ ಸಾಲುವಷ್ಟು ಹರಿದೆ.